ಮಗಳ ಮನೆಯ ದಾರಿ: ಇಳಕಲ್ಲಿನಿಂದ ಶ್ರೀಶೈಲದವರೆಗೆ

ಹದಿನೈದಿಪ್ಪತ್ತು ಜನರ ಸಣ್ಣ ಗುಂಪು, ದಾರಿ ಬಲ್ಲ ಒಬ್ಬ ಮಾರ್ಗದರ್ಶಿ, ಮೊದಲೇ ಗೊತ್ತುಮಾಡಿದ ತಂಗುದಾಣ, ಒಂದೇ ಸುತ್ತಿನಲ್ಲಿ ಅಕ್ಕಪಕ್ಕದ ಮೂರು ನಾಲ್ಕು ದೇಶ. ಪ್ರವಾಸ ಕಂಪನಿಗಳು ಈಚೆಗೆ ಇಂಥ ತಿರುಗಾಟವನ್ನು ಹೊಸ ಬಗೆಯದೆಂದು ಜಾಹೀರಾತು ಮಾಡುತ್ತಿವೆ. ಬಾಗಲಕೋಟೆ, ಬಾದಾಮಿ, ಹುನಗುಂದ, ಇಳಕಲ್ಲಿನ ಕಡೆಯವರಿಗೆ ಇದರಲ್ಲಿ ಹೊಸದೇನೂ ಕಾಣಲಾರದು. ಅವರ ಅಜ್ಜ, ಮುತ್ತಜ್ಜಂದಿರು ವರ್ಷಕ್ಕೊಮ್ಮೆ ಇದನ್ನೇ ಮಾಡುತ್ತಿದ್ದರು. ವಾಹನವಿರಲಿಲ್ಲ, ಕಾಲ್ನಡಿಗೆ ಇತ್ತು. ಮಾರ್ಗದರ್ಶಿಯ ಕೈಯಲ್ಲಿ ಬಾವುಟದ ಬದಲು ಹೆಗಲ ಮೇಲೆ ಕಂಬಿ ಇತ್ತು. ಹೋಗಬೇಕಾದ ಊರು ಶ್ರೀಶೈಲ.

ಫಾಲ್ಗುಣ ಮಾಸದಲ್ಲಿ, ಯುಗಾದಿಗೆ ಎರಡು ಮೂರು ವಾರ ಇರುವಾಗ, ಉತ್ತರ ಕರ್ನಾಟಕದ ಊರೂರುಗಳಿಂದ ಮಲ್ಲಯ್ಯನ ಭಕ್ತರು ಹೊರಡುತ್ತಾರೆ. ಇಳಕಲ್ಲಿನಿಂದ ಲೆಕ್ಕ ಹಾಕಿದರೂ ದಾರಿ 350 ಕಿಲೋಮೀಟರಿಗೆ ಕಡಿಮೆಯಿಲ್ಲ. ಇವತ್ತು ಈ ದಾರಿಯಲ್ಲಿ ಕರ್ನಾಟಕ, ತೆಲಂಗಾಣ, ಆಂಧ್ರಪ್ರದೇಶ ಎಂಬ ಮೂರು ರಾಜ್ಯಗಳು ಬರುತ್ತವೆ. ನೂರು ವರ್ಷದ ಹಿಂದೆ ಇದೇ ದಾರಿಯಲ್ಲಿ ಬ್ರಿಟಿಷರ ಮುಂಬಯಿ ಪ್ರಾಂತ, ನಿಜಾಮನ ಹೈದರಾಬಾದ್ ರಾಜ್ಯ, ಅದರೊಳಗಿನ ಗದ್ವಾಲ ಸಂಸ್ಥಾನ, ಕೊನೆಗೆ ಬ್ರಿಟಿಷರದೇ ಆದ ಮದರಾಸು ಪ್ರಾಂತ ಬರುತ್ತಿದ್ದವು. ಮುಧೋಳ ಅಥವಾ ಜಮಖಂಡಿಯಿಂದ ಹೊರಟವನಿಗೆ ಅವನದೇ ಸಂಸ್ಥಾನವೂ ಸೇರಿ ಲೆಕ್ಕ ಐದಾಗುತ್ತಿತ್ತು.

ಗಡಿನಾಡಿನ ಯಾತ್ರೆಗಳ ಚರಿತ್ರೆಯನ್ನು ಸಂಶೋಧನೆಗೆ ಎತ್ತಿಕೊಂಡ ನನಗೆ ಮೊದಲು ಎದುರಾದ ತೊಡಕು ಆಕರಗಳದ್ದು. ಗಡಿಗಳ ಚರಿತ್ರೆಯನ್ನು ನಾವು ಹೆಚ್ಚಾಗಿ ಗಡಿ ಹಾಕಿದವರ ಕಾಗದಗಳಿಂದ ಬರೆಯುತ್ತೇವೆ. ಒಪ್ಪಂದ, ಗೆಜೆಟಿಯರ್, ಸರ್ವೆ, ಸುಂಕದ ಲೆಕ್ಕ ಇವೇ ನಮ್ಮ ಆಧಾರ. ಯಾತ್ರಿಕ ಅಲ್ಲಿ ಹೆಸರಿಲ್ಲದ ಜನಜಂಗುಳಿಯಾಗಿ ಬರುತ್ತಾನೆ. ಜಾತ್ರೆಗೆ ಇಷ್ಟು ಸಾವಿರ ಜನ ಸೇರುತ್ತಾರೆ, ರೋಗ ಹರಡುವ ಭಯವಿದೆ, ಇಷ್ಟು ಹುಟ್ಟುವಳಿ ಬರುತ್ತದೆ ಎಂಬಲ್ಲಿಗೆ ಅವನ ಮಾತು ಮುಗಿಯುತ್ತದೆ. ಆ ಗಡಿಯನ್ನು ದಾಟಿದವರು ಅದನ್ನು ಹೇಗೆ ಅರ್ಥ ಮಾಡಿಕೊಂಡಿದ್ದರು ಎಂಬ ಪ್ರಶ್ನೆಗೆ ಕಡತದಲ್ಲಿ ಜಾಗವಿಲ್ಲ. ಉತ್ತರವನ್ನು ಯಾತ್ರೆಯ ಆಚರಣೆಗಳಲ್ಲಿ, ಜನರ ಹೆಸರುಗಳಲ್ಲಿ, ದೇವಿಗೆ ಕೊಡುವ ಉಡಿಯಲ್ಲಿ ಹುಡುಕಬೇಕಾಗುತ್ತದೆ.

ಕಂಬಿ ಮತ್ತು ಗುಂಪು

ಕಂಬಿ ಎಂದರೆ ಹೆಗಲ ಮೇಲೆ ಹೊರುವ, ಕಾವಡಿಯನ್ನು ಹೋಲುವ ಕೋಲು. ಅದನ್ನು ಸಿಂಗರಿಸಿ, ಪೂಜಿಸಿ, ಊರಿನ ಹರಕೆಗಳನ್ನು ಅದರ ಜೊತೆ ಕಳಿಸುತ್ತಾರೆ. ಹೋಗಲಾಗದ ಮುದುಕಿ, ಬಾಣಂತಿ, ಹಾಸಿಗೆ ಹಿಡಿದವರು ಎಲ್ಲರ ಕಾಣಿಕೆಯೂ ಕಂಬಿಯೊಂದಿಗೆ ಹೋಗುತ್ತದೆ. ಹೀಗಾಗಿ ನಡೆಯುವವರು ಇಪ್ಪತ್ತು ಜನರಾದರೂ ಯಾತ್ರೆ ಇಡೀ ಊರಿನದು. ಗುಂಪು ಸಾಮಾನ್ಯವಾಗಿ ಒಂದು ಓಣಿಯದೋ ಬಳಗದ್ದೋ ಕಸುಬಿನದೋ ಆಗಿರುತ್ತದೆ. ಮಗ್ಗದವರು ಮಗ್ಗದವರೊಂದಿಗೆ, ಒಕ್ಕಲುತನದವರು ತಮ್ಮವರೊಂದಿಗೆ ನಡೆಯುವುದು ಹೆಚ್ಚು. ಎಲ್ಲ ಜಾತಿಗಳೂ ಒಂದಾಗಿ ಕರಗಿಹೋಗುವ ಚಿತ್ರವನ್ನು ಇದರಲ್ಲಿ ಹುಡುಕಿದರೆ ಸಿಗುವುದಿಲ್ಲ. ಊರಿನ ಅಂತರಗಳು ಊರಿನವರ ಜೊತೆಗೇ ದಾರಿ ನಡೆಯುತ್ತವೆ.

ಗುಂಪಿನ ಹಿರಿಯನ ಕೆಲಸ ದೊಡ್ಡದು. ಎಲ್ಲಿ ವಸ್ತಿ ಮಾಡಬೇಕು, ಯಾವ ಬಾವಿಯ ನೀರು ಸಿಹಿ, ಯಾವ ಊರಿನಲ್ಲಿ ಕೇಳದೆಯೇ ಅಂಬಲಿ, ಮಜ್ಜಿಗೆ ಕೊಡುತ್ತಾರೆ, ಬಿಸಿಲು ಏರುವ ಮೊದಲು ಎಷ್ಟು ದೂರ ಹೋಗಬೇಕು ಎಂಬುದೆಲ್ಲ ಅವನ ತಲೆಯಲ್ಲಿರಬೇಕು. ಯುಗಾದಿಯ ಹೊತ್ತಿಗೆ ರಾಯಚೂರು ಸೀಮೆಯ ಬಿಸಿಲು ಎಂಥದೆಂದು ಅಲ್ಲಿಯವರಿಗೇ ಗೊತ್ತು. ಆದ್ದರಿಂದ ನಸುಕಿನಲ್ಲಿ ನಡೆ, ಮಧ್ಯಾಹ್ನ ಮರದ ನೆರಳು, ಸಂಜೆಯಿಂದ ಮತ್ತೆ ನಡೆ. ಬುತ್ತಿಗೆ ಕಡಕ್ ರೊಟ್ಟಿ, ಶೇಂಗಾ ಚಟ್ನಿ, ಗುರೆಳ್ಳು ಚಟ್ನಿ. ಇಳಕಲ್ಲಿನಲ್ಲಿ ನಾನು ಮಾತಾಡಿಸಿದ ಹಿರಿಯ ನೇಕಾರರೊಬ್ಬರು ಹಲವು ಸಲ ನಡೆದವರು. ಇಷ್ಟು ದಾರಿ ನೆನಪಿಡುವುದು ಕಷ್ಟವಲ್ಲವೇ ಎಂದು ಕೇಳಿದ್ದಕ್ಕೆ ಅವರು, "ದಾರಿ ಗೊತ್ತಿರೂದು ದೊಡ್ಡ ಮಾತಲ್ಲ ತಮ್ಮಾ. ಯಾರ ಕಾಲು ಯಾವಾಗ ಸೋಲತಾವು ಅನ್ನೂದು ಗೊತ್ತಿರಬೇಕು" ಎಂದರು. ಮಾರ್ಗದರ್ಶಿ ಎಂಬ ಪದಕ್ಕೆ ಇದಕ್ಕಿಂತ ಒಳ್ಳೆಯ ವಿವರಣೆ ನನಗೆ ಪುಸ್ತಕಗಳಲ್ಲಿ ಸಿಕ್ಕಿಲ್ಲ.

ಹಳೆಯ ನಡೆ

ಗುಂಪು ಕಟ್ಟಿಕೊಂಡು ಪರನಾಡಿಗೆ ಹೋಗುವುದು ಈ ನೆಲಕ್ಕೆ ಬಹಳ ಹಳೆಯ ರೂಢಿ. ಹುನಗುಂದ ಸೀಮೆಯ ಐಹೊಳೆಯ ಹೆಸರನ್ನೇ ಹೊತ್ತಿದ್ದ 'ಅಯ್ಯಾವೊಳೆ ಐನೂರ್ವರು' ಎಂಬ ವರ್ತಕ ಸಂಘದ ಶಾಸನಗಳು ಅವರು ಸುತ್ತಿದ ನಾಡುಗಳ ಉದ್ದನೆಯ ಪಟ್ಟಿಯನ್ನು ಕೊಡುತ್ತವೆ. ಚೋಳ, ಪಾಂಡ್ಯ, ಮಗಧ, ಸೌರಾಷ್ಟ್ರ, ನೇಪಾಳಗಳೆಲ್ಲ ಅದರಲ್ಲಿವೆ. ಇಂಥ ವರ್ತಕರ 1088ರ ತಮಿಳು ಶಾಸನವೊಂದು ದೂರದ ಸುಮಾತ್ರಾದಲ್ಲೂ ಸಿಕ್ಕಿದೆ. ಆ ಪಟ್ಟಿಗಳಲ್ಲಿ ಬಿರುದಿನ ಅಬ್ಬರ ಇದ್ದೇ ಇದೆ. ಆದರೂ ನಮ್ಮ ನಾಡು, ಪರನಾಡು ಎಂಬ ಎಣಿಕೆಯಲ್ಲಿ ಊರಿನ ಹೆಮ್ಮೆಯನ್ನು ಅಳೆಯುವ ಮನೋಭಾವ ಅವುಗಳಲ್ಲಿ ಸ್ಪಷ್ಟವಾಗಿದೆ.

ಶ್ರೀಶೈಲದ ದಾರಿಯ ಮನೋಭಾವ ಬೇರೆ. ಹನ್ನೆರಡನೆಯ ಶತಮಾನದ ಸೊನ್ನಲಿಗೆಯ ಸಿದ್ಧರಾಮನ ಕಥೆಯನ್ನು ರಾಘವಾಂಕ ಹೇಳಿದ್ದಾನೆ. ಜಂಗಮನಾಗಿ ಬಂದ ಮಲ್ಲಯ್ಯ ಕಾಣೆಯಾದಾಗ, ದನ ಕಾಯುತ್ತಿದ್ದ ಹುಡುಗ ಅವನನ್ನು ಹುಡುಕುತ್ತ ಶ್ರೀಶೈಲಕ್ಕೆ ಹೊರಟ ಯಾತ್ರಿಕರ ಜೊತೆ ಸೇರಿಕೊಳ್ಳುತ್ತಾನೆ. ಪವಾಡದ ಭಾಗವನ್ನು ಬದಿಗಿಟ್ಟರೂ ಆ ಕಾವ್ಯ ಒಂದು ಸಾಮಾಜಿಕ ವಾಸ್ತವವನ್ನು ಸಹಜವೆಂಬಂತೆ ಹೇಳುತ್ತದೆ: ಕನ್ನಡ ನಾಡಿನಿಂದ ಶ್ರೀಶೈಲಕ್ಕೆ ಗುಂಪುಗಳು ಹೋಗುತ್ತಿದ್ದವು, ಅವರ ಹಿಂದೆ ಹೋದರೆ ಒಬ್ಬ ಹುಡುಗನೂ ಅಲ್ಲಿಗೆ ಮುಟ್ಟಬಹುದಿತ್ತು. ಅಕ್ಕಮಹಾದೇವಿ ಕಲ್ಯಾಣದಿಂದ ಅತ್ತಲೇ ನಡೆದಳು. ಹದಿಮೂರನೆಯ ಶತಮಾನದ ಪಾಲ್ಕುರಿಕೆ ಸೋಮನಾಥ ತನ್ನ ತೆಲುಗು 'ಪಂಡಿತಾರಾಧ್ಯ ಚರಿತ್ರ'ದ ಒಂದು ಇಡೀ ಪ್ರಕರಣವನ್ನು ಈ ಬೆಟ್ಟಕ್ಕೆ ಮೀಸಲಿಟ್ಟ. ಆ ಭಾಗದ ಹೆಸರು 'ಪರ್ವತ ಪ್ರಕರಣ'.

ಈ 'ಪರ್ವತ' ಎಂಬ ಪದವನ್ನು ಗಮನಿಸಬೇಕು. ಎರಡೂ ಭಾಷೆಗಳ ಭಕ್ತರಿಗೆ ಶ್ರೀಶೈಲ ಬರಿಯ ಪರ್ವತವಾಗಿತ್ತು. ಬೇರೆ ಬೆಟ್ಟಗಳಿಗೆ ಹೆಸರು ಬೇಕು, ಇದಕ್ಕೆ ಬೇಡ. 1794ರಲ್ಲಿ ಕ್ಯಾಪ್ಟನ್ ಕಾಲಿನ್ ಮೆಕೆಂಜಿ ಅಲ್ಲಿಗೆ ಹೋಗಿ ಬಂದು ಬರೆದ ವರದಿ ಏಷ್ಯಾಟಿಕ್ ಸೊಸೈಟಿಯ ಸಂಪುಟದಲ್ಲಿ ಅಚ್ಚಾದಾಗ, ಅದರ ಶೀರ್ಷಿಕೆಯಲ್ಲೂ ದೇಗುಲದ ಹೆಸರು 'ಪೆರ್ವಟ್ಟಂ' ಎಂದೇ ಇತ್ತು. ಜನರ ಬಾಯಲ್ಲಿದ್ದದ್ದನ್ನು ಅವನು ಕಿವಿಗೆ ಬಿದ್ದಂತೆ ಬರೆದುಕೊಂಡಿದ್ದ. ಬಾಗಲಕೋಟೆ, ಗದಗ ಕಡೆ ಇಂದಿಗೂ ಪರ್ವತಪ್ಪ, ಪರ್ವತಗೌಡ, ಪರ್ವತವ್ವ ಎಂಬ ಹೆಸರುಗಳು ಸಿಗುತ್ತವೆ. ಬಯಲುಸೀಮೆಯ ಹೊಲದ ನಡುವೆ ಹುಟ್ಟಿದ ಮಗುವಿಗೆ ಪರ್ವತದ ಹೆಸರು ಬಂದದ್ದು ಈ ದಾರಿಯಿಂದ. ಯಾತ್ರೆಯ ವ್ಯಾಪ್ತಿಯನ್ನು ಅಳೆಯಲು ನಮ್ಮ ಬಳಿ ಹಳೆಯ ಅಂಕಿಸಂಖ್ಯೆ ಇಲ್ಲದಿರಬಹುದು, ಮತದಾರರ ಪಟ್ಟಿಯಂತೂ ಇದೆ.

ಮೊಗಲಾಯಿಯನ್ನು ದಾಟುವುದು

1818ರಲ್ಲಿ ಪೇಶ್ವೆಯ ಆಳ್ವಿಕೆ ಮುಗಿದು ಬಾದಾಮಿ, ಬಾಗಲಕೋಟೆ, ಹುನಗುಂದ ಬ್ರಿಟಿಷರ ಕೈಗೆ ಬಂದವು. 1864ರಲ್ಲಿ ಕಲಾದಗಿ ಜಿಲ್ಲೆ ರಚನೆಯಾಯಿತು. 1885ರಲ್ಲಿ ಅದರ ಕೇಂದ್ರ ಬಿಜಾಪುರಕ್ಕೆ ಹೋಯಿತು. ಇಳಕಲ್ಲು ಮುಂಬಯಿ ಪ್ರಾಂತದ ಅಂಚಿನ ಪೇಟೆ. ಅಲ್ಲಿಂದ ಪೂರ್ವಕ್ಕೆ ಒಂದು ಹೊತ್ತು ನಡೆದರೆ ನಿಜಾಮನ ನೆಲ. ಈ ಕಡೆಯ ಜನ ಅದನ್ನು 'ಮೊಗಲಾಯಿ' ಎಂದು ಕರೆಯುತ್ತಿದ್ದರು. ದಿಲ್ಲಿಯ ಮೊಗಲರು ಇಲ್ಲವಾದ ಮೇಲೂ ಅವರ ಹೆಸರು ಈ ಗಡಿಯಲ್ಲಿ ಉಳಿದುಕೊಂಡಿತ್ತು.

ಮೊಗಲಾಯಿಯ ಗಡಿ ಗಟ್ಟಿಯಾಗಿತ್ತೇ? ಆಳುವವರ ಕಣ್ಣಿನಲ್ಲಿ ಹೌದು. 1840-41ರ ಹೊತ್ತಿಗೆ ಅಂಧ ಬ್ರಾಹ್ಮಣ ನರಸಿಂಗರಾಯನ ನೇತೃತ್ವದಲ್ಲಿ ಅರಬರ ತಂಡವೊಂದು ನಿಜಾಮನ ಸೀಮೆಯಿಂದ ಬಂದು ಬಾದಾಮಿಯ ಕೋಟೆಯನ್ನೇ ಹಿಡಿದಿತ್ತು. ಅಂಥ ಅನುಭವವಿದ್ದ ಆಡಳಿತಕ್ಕೆ ಗಡಿ ದಾಟುವ ಯಾವುದೇ ಗುಂಪು ಅನುಮಾನದ ವಸ್ತು. ಆದರೆ ಅದೇ ಆಳುವವರು ಗಡಿಯನ್ನು ಬೇಕಾದಾಗ ಅಳಿಸಿ ಬೇಕಾದಾಗ ಬರೆದರು. 1853ರ ಒಪ್ಪಂದದಂತೆ ನಿಜಾಮ ರಾಯಚೂರು ದೋಆಬನ್ನು, ಎಂದರೆ ಕೃಷ್ಣಾ ತುಂಗಭದ್ರೆಗಳ ನಡುವಿನ ನೆಲವನ್ನು, ಬ್ರಿಟಿಷರ ಆಡಳಿತಕ್ಕೆ ಬಿಟ್ಟುಕೊಟ್ಟ. 1860ರಲ್ಲಿ ಅದು ಅವನಿಗೆ ಮರಳಿತು. ಈ ಏಳು ವರ್ಷ ಇಳಕಲ್ಲಿನ ಯಾತ್ರಿಕ ಗುಂಪು ಬ್ರಿಟಿಷ್ ಆಡಳಿತದಿಂದ ಹೊರಗೆ ಕಾಲಿಡದೆ ಲಿಂಗಸುಗೂರು, ರಾಯಚೂರುಗಳನ್ನು ದಾಟಬಹುದಿತ್ತು. ಎಂಟನೆಯ ವರ್ಷ ಅದೇ ದಾರಿ ಮತ್ತೆ ಪರರಾಜ್ಯ.

ಇಪ್ಪತ್ತನೆಯ ಶತಮಾನದ ಆರಂಭದ ಒಂದು ಗುಂಪನ್ನು ಕಲ್ಪಿಸಿಕೊಳ್ಳೋಣ. ಅವರ ಸಂಚಿಯಲ್ಲಿರುವುದು ಬ್ರಿಟಿಷ್ ರೂಪಾಯಿ. ಗಡಿಯಾಚೆ ಅದರ ಹೆಸರು 'ಕಲ್ದಾರ'. ಅಲ್ಲಿ ಚಲಾವಣೆಯಲ್ಲಿರುವುದು ನಿಜಾಮನ ಟಂಕಸಾಲೆಯ 'ಹಾಲಿ ಸಿಕ್ಕಾ'. ನೂರು ಕಲ್ದಾರಕ್ಕೆ ಹೆಚ್ಚುಕಡಿಮೆ 116 ಹಾಲಿ ರೂಪಾಯಿ. ಹೈದರಾಬಾದ್ ರಾಜ್ಯಕ್ಕೆ ತನ್ನದೇ ಅಂಚೆ ಇತ್ತು, ತನ್ನದೇ ಅಂಚೆಚೀಟಿ ಇತ್ತು. ಗಡಿಯ ನಾಕಾಗಳಲ್ಲಿ ಸರಕಿನ ಮೇಲೆ ಶೇಕಡಾ 5ರ ಸುಂಕವಿತ್ತು. ಅದನ್ನು ವಸೂಲು ಮಾಡುವ ಇಲಾಖೆಯ ಹೆಸರು 'ಕರೋಡಗಿರಿ'. ಯಾತ್ರಿಕನ ಗಂಟಿನಲ್ಲಿ ಮಡಿಕೆ ಬಿಚ್ಚದ ಹೊಸ ಸೀರೆ ಕಂಡರೆ ಅದು ಹರಕೆಯದೋ ಮಾರಾಟದ್ದೋ ಎಂದು ನಾಕಾದವನು ಕೇಳಬಹುದಿತ್ತು.

ಕಾಲದ ಎಣಿಕೆಯೂ ಬದಲಾಗುತ್ತಿತ್ತು. ಹುನಗುಂದದ ಮಾಮಲೇದಾರ ಕಚೇರಿಯಲ್ಲಿ ಇಂಗ್ಲಿಷ್ ತಾರೀಖು. ಲಿಂಗಸುಗೂರಿನ ತಹಶೀಲಿನಲ್ಲಿ ಫಸಲಿ ವರ್ಷ, ಅದು ಸುಮಾರು 590 ವರ್ಷ ಹಿಂದೆ. ಯಾತ್ರಿಕರದ್ದು ಶಕವರ್ಷದ ಫಾಲ್ಗುಣ, ಅದರ ಕೊನೆಗೆ ಯುಗಾದಿ. ಭಾಷೆಯ ಸಂಗತಿಯೂ ಹೀಗೆಯೇ. ಮುಂಬಯಿ ಪ್ರಾಂತದಲ್ಲಿ ಮರಾಠಿಯೊಡನೆ ಗುದ್ದಾಡಿ ಕನ್ನಡ ಶಾಲೆಯಲ್ಲಿ ಜಾಗ ಮಾಡಿಕೊಂಡಿತ್ತು. ಹೈದರಾಬಾದಿನಲ್ಲಿ 1880ರ ದಶಕದಲ್ಲಿ ಪರ್ಷಿಯನ್ ಹೋಗಿ ಉರ್ದು ಆಡಳಿತ ಭಾಷೆಯಾಗಿತ್ತು. ತುಂಗಭದ್ರೆ ದಾಟಿದರೆ ತೆಲುಗು, ಇಂಗ್ಲಿಷ್. ಮುದಗಲ್ಲು, ಲಿಂಗಸುಗೂರು, ರಾಯಚೂರುಗಳ ಕಚೇರಿಯ ಹೊರಗೆ ಮಾತ್ರ ಜನ ಆಡುತ್ತಿದ್ದದ್ದು ಇಳಕಲ್ಲಿನವರಿಗೆ ತಿಳಿಯುವ ಕನ್ನಡವನ್ನೇ. ಯಾತ್ರಿಕನಿಗೆ ಪರರಾಜ್ಯ ಎದುರಾಗುತ್ತಿದ್ದದ್ದು ನಾಕಾದಲ್ಲಿ, ನಾಣ್ಯದಲ್ಲಿ. ನೀರು ಕೊಡುವ ಮನೆಯ ಮುಂದೆ ಅದು ಇರಲಿಲ್ಲ.

ರೈಲು ಬಂದ ಮೇಲೂ ಕಾಲ್ನಡಿಗೆ ನಿಲ್ಲಲಿಲ್ಲ. 1880ರ ದಶಕದಲ್ಲಿ ಹೋಟಗಿ ಗದಗ ಮಾರ್ಗ ಬಾಗಲಕೋಟೆ, ಬಾದಾಮಿಗಳ ಮೇಲೆ ಹಾದುಹೋಯಿತು. ಗದಗಿನಿಂದ ಗುಂತಕಲ್ಲಿಗೆ, ಅಲ್ಲಿಂದ ನಂದ್ಯಾಲಕ್ಕೆ ಹೋಗಿ ಬೆಟ್ಟದ ಕಡೆ ತಿರುಗಲು ಸಾಧ್ಯವಾಯಿತು. ಆದರೆ ಹರಕೆ ಇರುವುದು ನಡೆಯುವುದರಲ್ಲಿ. ಇಂದಿಗೂ ಕೆಲವರು ಮರಗಾಲು ಕಟ್ಟಿಕೊಂಡೇ ಇಷ್ಟು ದೂರ ನಡೆಯುತ್ತಾರೆ. ಅವರಿಗೆ ರೈಲಿನ ವೇಳಾಪಟ್ಟಿಯಿಂದ ಆಗಬೇಕಾದದ್ದು ಏನೂ ಇಲ್ಲ.

ದಾರಿಯಲ್ಲಿ ಸಿಗುವ ಬಾದಾಮಿ

ರಾಯಚೂರು ದಾಟಿ ಗದ್ವಾಲದ ನೆಲದಲ್ಲಿ ನಡೆದು ಕರ್ನೂಲಿನ ಕಡೆ ಹೋಗುವಾಗ ತುಸು ಸರಿದರೆ ಆಲಂಪುರ. ತುಂಗಭದ್ರೆಯ ದಂಡೆಯ ಈ ಊರನ್ನು ಶ್ರೀಶೈಲದ ಪಶ್ಚಿಮ ದ್ವಾರವೆಂದು ಕರೆಯುತ್ತಾರೆ. ಅಲ್ಲಿನ ನವಬ್ರಹ್ಮ ದೇಗುಲಗಳು ಬಾದಾಮಿ ಚಾಲುಕ್ಯರ ಕಾಲದವು. ಸ್ವರ್ಗಬ್ರಹ್ಮ ಗುಡಿ ವಿನಯಾದಿತ್ಯನ ಆಳ್ವಿಕೆಯದು (ಕ್ರಿ.ಶ. 681–696). ಪಟ್ಟದಕಲ್ಲಿನ ಗಳಗನಾಥ ಗುಡಿಯ ಶಿಖರವನ್ನು ನೋಡಿದ ಕಣ್ಣಿಗೆ ಆಲಂಪುರದ ಶಿಖರಗಳು ಪರಿಚಿತವೇ ಅನ್ನಿಸುತ್ತವೆ. ಅದೇ ಒಳಬಾಗುವ ರೇಖೆ, ನೆತ್ತಿಯ ಮೇಲೆ ಅದೇ ಆಮಲಕ. ಬಾದಾಮಿಯಿಂದ ಹೊರಟು ಹಲವು ದಿನ ನಡೆದ ಯಾತ್ರಿಕ, ಸರ್ಕಾರದ ಲೆಕ್ಕದಲ್ಲಿ ಪರರಾಜ್ಯದ ನಟ್ಟನಡುವೆ, ತನ್ನ ಊರಿನ ಕಲ್ಲುಕೆಲಸದ ಮುಂದೆ ನಿಂತಿರುತ್ತಿದ್ದ.

ಇದರಿಂದ ಆಲಂಪುರ ನಮ್ಮದು ಎಂದು ಕನ್ನಡಿಗರು ಹಕ್ಕು ಸ್ಥಾಪಿಸಬೇಕು ಎಂದು ನಾನು ಹೇಳುತ್ತಿಲ್ಲ. ಅಂಥ ವಾದಗಳು ಎರಡೂ ಕಡೆ ಸಾಕಷ್ಟಿವೆ. ಚಾಲುಕ್ಯರು ಕರ್ನಾಟಕದ ಅರಸರು, ಆಲಂಪುರ ಆಂಧ್ರದ ಕ್ಷೇತ್ರ ಎಂಬ ವಿಂಗಡಣೆಯೇ ತೀರ ಈಚಿನದು. ಏಳನೆಯ ಶತಮಾನದ ಶಿಲ್ಪಿಗೆ ಮಲಪ್ರಭೆಯ ದಂಡೆಯೂ ತುಂಗಭದ್ರೆಯ ದಂಡೆಯೂ ಒಂದೇ ಕೆಲಸದ ಎರಡು ಜಾಗಗಳಾಗಿದ್ದವು. ಹದಿನಾಲ್ಕರಿಂದ ಹದಿನಾರನೆಯ ಶತಮಾನದವರೆಗೆ ಬಹಮನಿ, ಆದಿಲಶಾಹಿ, ವಿಜಯನಗರಗಳು ಇದೇ ದೋಆಬಿಗಾಗಿ ಕಾದಾಡಿದವು. 1520ರಲ್ಲಿ ಕೃಷ್ಣದೇವರಾಯ ರಾಯಚೂರು ಕೋಟೆ ಗೆದ್ದ. 1565ರಲ್ಲಿ ರಕ್ಕಸಗಿ ತಂಗಡಗಿಯ ಯುದ್ಧ ಹುನಗುಂದ ಸೀಮೆಗೆ ಸಮೀಪದಲ್ಲೇ ನಡೆಯಿತು. ಪಠ್ಯಪುಸ್ತಕದಲ್ಲಿ ಬರಿಯ ರಣಭೂಮಿಯಾಗಿ ಕಾಣುವ ಈ ನೆಲ, ಯುದ್ಧಗಳ ನಡುವಿನ ವರ್ಷಗಳಲ್ಲಿ ಯಾತ್ರೆಯ ದಾರಿಯೂ ಆಗಿತ್ತು.

ಇಬ್ಬರು ಬೀಗರು

ಕರ್ನೂಲು ದಾಟಿ ಆತ್ಮಕೂರಿಗೆ ಬಂದರೆ ಬಯಲು ಮುಗಿದು ನಲ್ಲಮಲ ಕಾಡು ಶುರುವಾಗುತ್ತದೆ. ವೆಂಕಟಾಪುರ, ನಾಗಲೂಟಿ, ಪೆದ್ದಚೆರುವು, ಭೀಮುನಿಕೊಲನು, ಕೈಲಾಸದ್ವಾರ. ಕನ್ನಡದ ಯಾತ್ರಿಕರು ಈ ತೆಲುಗು ಹೆಸರುಗಳನ್ನು ತಮ್ಮ ಊರಿನ ಓಣಿಗಳ ಹೆಸರಿನಂತೆ ಹೇಳುತ್ತಾರೆ. ಇದೀಗ ಹುಲಿ ಸಂರಕ್ಷಿತ ಪ್ರದೇಶ. ಶಿವರಾತ್ರಿ, ಯುಗಾದಿಗಳ ಹೊತ್ತಿಗೆ ಅರಣ್ಯ ಇಲಾಖೆ ಕಾಲುದಾರಿಯನ್ನು ತೆರೆಯುತ್ತದೆ.

ಇಲ್ಲಿಯವರೆಗೆ ದಾರಿ ತೋರಿಸಿದ ಇಳಕಲ್ಲಿನ ಹಿರಿಯನ ಜ್ಞಾನ ಹಿಂದೆ ಈ ಕಾಡಿನಲ್ಲಿ ಸಾಲುತ್ತಿರಲಿಲ್ಲ. ಇಲ್ಲಿಂದ ಮುಂದಿನದು ಚೆಂಚು ಜನರ ನೆಲ. ಕಾಡಿನ ದಾರಿಯಲ್ಲಿ ಯಾತ್ರಿಕರಿಗೆ ಜೊತೆಯಾಗಿ, ಕಾವಲಿದ್ದು, ಅದಕ್ಕೆ ಪ್ರತಿಫಲ ಪಡೆಯುವ ರೂಢಿ ಚೆಂಚುಗಳಲ್ಲಿತ್ತು. ಇನ್ನೊಂದು ಕಡೆ, 1839ರಲ್ಲಿ ಬ್ರಿಟಿಷರು ನವಾಬ ಗುಲಾಮ್ ರಸೂಲ್ ಖಾನನನ್ನು ಪದಚ್ಯುತಗೊಳಿಸುವವರೆಗೆ ಈ ಸೀಮೆ ಕರ್ನೂಲಿನ ನವಾಬರದಾಗಿತ್ತು. ಅವರ ಕಾಲದಲ್ಲಿ ಯಾತ್ರಿಕರಿಂದ ತೆರಿಗೆ ಎತ್ತುತ್ತಿದ್ದರು. ಚೆಂಚುವಿಗೆ ಕೊಟ್ಟದ್ದು ದಾರಿ ತೋರಿದ್ದಕ್ಕೆ ಕೂಲಿ, ನವಾಬನಿಗೆ ಕೊಟ್ಟದ್ದು ದಾರಿ ಬಿಟ್ಟದ್ದಕ್ಕೆ ಬೆಲೆ.

ಈ ಬೆಟ್ಟದ ದೇವರ ಬಗೆಗೆ ಚೆಂಚುಗಳು ಹೇಳುವ ಕಥೆ ಪ್ರಸಿದ್ಧ. ಬೇಟೆಗೆ ಬಂದ ಶಿವ ಚೆಂಚು ಹುಡುಗಿಯನ್ನು ಮೆಚ್ಚಿ ಮದುವೆಯಾದ, ಹಾಗಾಗಿ ಅವನು ಚೆಂಚು ಮಲ್ಲಯ್ಯ, ತಮ್ಮ ಮನೆಯ ಅಳಿಯ. ಕನ್ನಡದ ಭಕ್ತರು ಹೇಳುವುದೂ ಇದಕ್ಕೆ ಹೊಂದುತ್ತದೆ. ಭ್ರಮರಾಂಬೆ ತಮ್ಮ ಮನೆಮಗಳು, ಮಲ್ಲಯ್ಯ ಅಳಿಯ. ಯುಗಾದಿಗೆ ಹೋಗುವುದೆಂದರೆ ಗಂಡನ ಮನೆಯಲ್ಲಿರುವ ಮಗಳನ್ನು ನೋಡಿ, ಸೀರೆ, ಕುಪ್ಪಸ, ಅರಿಸಿನ ಕುಂಕುಮ ಕೊಟ್ಟು ಉಡಿ ತುಂಬಿ ಬರುವುದು. ಹಬ್ಬಕ್ಕೆ ತವರಿನಿಂದ ಯಾರೂ ಹೋಗದಿದ್ದರೆ ಮಗಳ ಮುಖ ಸಣ್ಣದಾಗುತ್ತದೆ ಎಂಬುದು ಉತ್ತರ ಕರ್ನಾಟಕದ ಯಾವ ಮನೆಗೂ ಹೇಳಿಕೊಡಬೇಕಾದ ಮಾತಲ್ಲ.

ನನ್ನ ಮಟ್ಟಿಗೆ ಈ ಇಡೀ ಚರಿತ್ರೆಯ ತಿರುಳು ಇಲ್ಲಿದೆ. ಇಳಕಲ್ಲಿನ ಸೀರೆಯಲ್ಲಿ ಒಡಲಿನ ಹಾಸನ್ನೂ ಸೆರಗಿನ ಹಾಸನ್ನೂ ಬೇರೆಬೇರೆಯಾಗಿ ಮಾಡಿ, ಎಳೆಗೆ ಎಳೆ ಕೊಂಡಿ ಹಾಕಿ ಸೇರಿಸುತ್ತಾರೆ. ಹತ್ತಿಯ ಒಡಲು, ರೇಷ್ಮೆಯ ಸೆರಗು. ಎರಡರ ಬಣ್ಣ ಬೇರೆ, ನೂಲು ಬೇರೆ, ಉಟ್ಟವಳಿಗೆ ಮಾತ್ರ ಅದು ಒಂದೇ ಸೀರೆ. ಈ ಸೀಮೆಯ ಜನ ಪರರಾಜ್ಯದ ಬೆಟ್ಟವನ್ನು ತಮ್ಮ ಬದುಕಿಗೆ ಸೇರಿಸಿಕೊಂಡದ್ದೂ ಹೀಗೆ ಒಂದು ಕೊಂಡಿ ಹಾಕಿಯೇ. ಆ ಕೊಂಡಿಯ ಹೆಸರು ಬೀಗತನ. ಬೀಗರ ಊರು ನಮ್ಮ ಊರಲ್ಲ. ಅದರ ಮೇಲೆ ನಮಗೆ ಅಧಿಕಾರವಿಲ್ಲ, ಅಲ್ಲಿನ ಪದ್ಧತಿಯನ್ನು ಒಪ್ಪಿಕೊಳ್ಳಬೇಕು. ಹಾಗೆಂದು ಅದು ಪರಕೀಯವೂ ಅಲ್ಲ. ಅಲ್ಲಿ ನಮ್ಮ ಮಗಳಿದ್ದಾಳೆ, ಹೋಗುವ ಹಕ್ಕಿದೆ, ಹೋಗಬೇಕಾದ ಕರ್ತವ್ಯವಿದೆ. ಚೆಂಚುಗಳೂ ಕನ್ನಡಿಗರೂ ಒಬ್ಬನನ್ನೇ ಅಳಿಯನೆಂದು ಕರೆದಾಗ, ಒಬ್ಬರನ್ನೊಬ್ಬರು ನೋಡದ ಇಬ್ಬರು ಬೀಗರ ನಡುವೆ ಒಂದು ನಂಟು ಬಿದ್ದಿತು. ಐನೂರ್ವರ ಶಾಸನ ನಾಡುಗಳನ್ನು ಎಣಿಸಿತು, ಸರ್ಕಾರಗಳು ಅವುಗಳ ನಡುವೆ ಗೆರೆ ಎಳೆದವು. ಯಾತ್ರಿಕರು ಮಾಡಿದ್ದು ಸಂಬಂಧ ಬೆಳೆಸುವ ಕೆಲಸ.

ಗೆರೆಗಳು ಬದಲಾದ ಮೇಲೆ

1947ರ ಆಗಸ್ಟ್ 15ರಂದು ಬಾಗಲಕೋಟೆ ಸ್ವತಂತ್ರವಾಯಿತು, ಲಿಂಗಸುಗೂರು ಆಗಲಿಲ್ಲ. ನಿಜಾಮ ಒಕ್ಕೂಟಕ್ಕೆ ಸೇರಲು ಒಪ್ಪಲಿಲ್ಲ. 1948ರ ಯುಗಾದಿ ಬಂದಾಗ ಗಡಿಯಾಚೆ ರಜಾಕಾರರ ಹಾವಳಿ. ಈಚೆ ಮುಂಡರಗಿ, ಗಜೇಂದ್ರಗಡಗಳಲ್ಲಿ ಹೈದರಾಬಾದ್ ವಿಮೋಚನೆಗೆ ಹೋರಾಡುವವರ ಶಿಬಿರಗಳು. ನೂರಾರು ವರ್ಷ ಯಾತ್ರಿಕರು ಪೂರ್ವಕ್ಕೆ ನಡೆದ ಗಡಿಯನ್ನು ಆ ವರ್ಷ ನಿರಾಶ್ರಿತರು ಪಶ್ಚಿಮಕ್ಕೆ ದಾಟುತ್ತಿದ್ದರು. ಸೆಪ್ಟೆಂಬರ್ 13ರಿಂದ 17ರವರೆಗಿನ ಪೊಲೀಸ್ ಕಾರ್ಯಾಚರಣೆಯೊಂದಿಗೆ ಅದು ಮುಗಿಯಿತು.

ಅನಂತರದ ಗೆರೆಗಳು ಭಾಷೆಯವು. 1953ರಲ್ಲಿ ಆಂಧ್ರ ರಾಜ್ಯ ಹುಟ್ಟಿ ಕರ್ನೂಲು ಅದರ ರಾಜಧಾನಿಯಾಯಿತು. 1956ರ ನವೆಂಬರ್ 1ರಂದು ರಾಯಚೂರು ಜಿಲ್ಲೆ ಮೈಸೂರು ರಾಜ್ಯಕ್ಕೆ ಬಂತು, ಅದರಲ್ಲಿದ್ದ ಗದ್ವಾಲ, ಆಲಂಪುರ ತಾಲೂಕುಗಳು ಆಂಧ್ರಪ್ರದೇಶದ ಮಹಬೂಬನಗರಕ್ಕೆ ಹೋದವು. 2014ರಲ್ಲಿ ಅವು ತೆಲಂಗಾಣದ ಭಾಗವಾದವು. ಹೊರಡುವ ಊರು 1997ರಲ್ಲಿ ಬಿಜಾಪುರದಿಂದ ಬೇರೆಯಾಗಿ ಬಾಗಲಕೋಟೆ ಜಿಲ್ಲೆಗೆ ಸೇರಿತು. ಮುಟ್ಟುವ ಊರು 2022ರಲ್ಲಿ ಕರ್ನೂಲಿನಿಂದ ಬೇರೆಯಾಗಿ ನಂದ್ಯಾಲ ಜಿಲ್ಲೆಗೆ ಸೇರಿತು. ಏಕೀಕರಣದ ಚರಿತ್ರೆಯನ್ನು ಓದುವಾಗ ಕನ್ನಡಿಗರು ಹಲವು ಆಡಳಿತಗಳಲ್ಲಿ ಹರಿದು ಹಂಚಿಹೋಗಿದ್ದರು ಎಂಬ ಮಾತು ಮತ್ತೆ ಮತ್ತೆ ಬರುತ್ತದೆ. ಅದು ನಿಜ, ಆ ನೋವೂ ನಿಜ. ಅದರ ಜೊತೆಗೇ ಹೇಳಬೇಕಾದದ್ದು, ಹಂಚಿಹೋದ ಕಾಲದಲ್ಲೂ ಜನ ಗೆರೆಗಳನ್ನು ದಾಟಿ ನಡೆಯುವ ಒಂದು ಪದ್ಧತಿಯನ್ನು ಉಳಿಸಿಕೊಂಡಿದ್ದರು ಮತ್ತು ಅದು ಕನ್ನಡದ ಗಡಿಯಲ್ಲಿ ನಿಲ್ಲುತ್ತಿರಲಿಲ್ಲ.

ಈಗಿನ ಗಡಿ ನೀರಿನದು. ಶ್ರೀಶೈಲದ ಪಾತಾಳಗಂಗೆ ಎಂದರೆ ಕೃಷ್ಣೆಯೇ. ಬಾದಾಮಿ ಸೀಮೆಯ ಮಲಪ್ರಭೆ ಕೂಡಲಸಂಗಮದಲ್ಲಿ ಕೃಷ್ಣೆಗೆ ಸೇರಿ, ಯಾತ್ರಿಕರಿಗಿಂತ ಮೊದಲೇ ಮಲ್ಲಯ್ಯನ ಪಾದಕ್ಕೆ ಮುಟ್ಟುತ್ತದೆ. ಮೇಲಿನ ದಂಡೆಯಲ್ಲಿ ಆಲಮಟ್ಟಿಯ ಹಿನ್ನೀರಿಗೆ ಹಳೆಯ ಬಾಗಲಕೋಟೆಯ ಭಾಗಗಳು ಮುಳುಗಿ ನವನಗರ ಎದ್ದಿತು. ನಾರಾಯಣಪುರದ ಹಿನ್ನೀರಿನಿಂದ ಕೂಡಲಸಂಗಮದ ಐಕ್ಯಮಂಟಪವನ್ನು ಉಳಿಸಲು ಅದರ ಸುತ್ತ ಬಾವಿಯಂತೆ ಗೋಡೆ ಎತ್ತಬೇಕಾಯಿತು. ಕೆಳಗೆ ಶ್ರೀಶೈಲದ ಅಣೆಕಟ್ಟಿನ ಹಿನ್ನೀರಿಗೆ ನೂರಕ್ಕೂ ಹೆಚ್ಚು ಹಳ್ಳಿಗಳು ಹೋದವು. ಕೂಡವೆಲ್ಲಿಯ ಚಾಲುಕ್ಯ ಕಾಲದ ಸಂಗಮೇಶ್ವರ ಗುಡಿಯನ್ನು ಬಿಚ್ಚಿ ಆಲಂಪುರಕ್ಕೆ ಸಾಗಿಸಿ ಮತ್ತೆ ಕಟ್ಟಿದರು. ಎರಡು ಸಂಗಮಗಳು, ಎರಡೂ ಕಡೆ ಮುಳುಗಡೆ. ಆದರೆ ನ್ಯಾಯಾಧಿಕರಣದ ಮುಂದೆ ಈ ಎರಡು ದಂಡೆಗಳು ಎದುರುಬದುರು ಕಕ್ಷಿಗಾರರು. 'ಮುಳುಗಡೆ' ಎಂದರೆ ಏನೆಂದು ಬಾಗಲಕೋಟೆಯವನು ಆತ್ಮಕೂರಿನವನಿಗೆ ವಿವರಿಸಬೇಕಿಲ್ಲ. ಹಾಗೆ ಮಾತಾಡಿಕೊಳ್ಳಲು ಅವರಿಗೆ ವರ್ಷಕ್ಕೊಮ್ಮೆ ಸಿಗುವ ಜಾಗ ಈ ದಾರಿಯೊಂದೇ.

ಬೀಗತನದಲ್ಲಿ ಜಗಳವೂ ಇರುತ್ತದೆ. 2022ರ ಮಾರ್ಚ್ ಕೊನೆಯಲ್ಲಿ, ಯುಗಾದಿಗೆ ಎರಡು ಮೂರು ದಿನವಿರುವಾಗ, ಶ್ರೀಶೈಲದಲ್ಲಿ ಅಂಗಡಿಯೊಂದರ ಬಳಿ ಶುರುವಾದ ಮಾತಿನ ಚಕಮಕಿ ಹೊಡೆದಾಟವಾಯಿತು. ಕರ್ನಾಟಕದ ಯಾತ್ರಿಕರೊಬ್ಬರು ಗಾಯಗೊಂಡರು. ಅಂಗಡಿಗಳು, ವಾಹನಗಳು ಜಖಂಗೊಂಡವು. ಸುದ್ದಿವಾಹಿನಿಗಳಿಗೆ ಅದು ಕನ್ನಡಿಗರು ಮತ್ತು ಆಂಧ್ರದವರ ನಡುವಿನ ಗಲಭೆ. ಮಗಳ ಮನೆ ಎಂಬ ಭಾವನೆ ತನ್ನಷ್ಟಕ್ಕೆ ಯಾರನ್ನೂ ಕಾಯುವುದಿಲ್ಲ ಎಂಬುದು ಆಗ ಕಂಡಿತು. ವಾಹನದಲ್ಲಿ ಬಂದು, ದರ್ಶನ ಮಾಡಿ, ಅದೇ ದಿನ ಮರಳುವ ಯಾತ್ರಿಕನಿಗೆ ದಾರಿಯ ಊರುಗಳ ಪರಿಚಯವಿರುವುದಿಲ್ಲ. ನೀರು ಕೊಟ್ಟ ಮನೆ, ಮಲಗಲು ಬಿಟ್ಟ ಕಟ್ಟೆ, ಕಾಡಿನಲ್ಲಿ ಜೊತೆ ಬಂದ ಚೆಂಚು ಇವರೆಲ್ಲ ಸೇರಿ ಅವನನ್ನು ಬೀಗನನ್ನಾಗಿ ಮಾಡುತ್ತಿದ್ದರು. ಆ ಹದಿನೈದು ದಿನಗಳನ್ನು ಬಿಟ್ಟರೆ ಅವನು ಸರದಿಯಲ್ಲಿ ನಿಂತ ಪ್ರವಾಸಿ, ಎದುರಿಗಿರುವವನು ಬೆಲೆ ಹೇಳುವ ಅಂಗಡಿಯವ. ಆದರೂ ಮರುವರ್ಷ ಊರೂರುಗಳಿಂದ ಕಂಬಿಗಳು ಹೊರಟವು.

ಮರಳಿ ಬಂದ ಮೇಲೆ ಊರಿನಲ್ಲಿ ಕಂಬಿಯ ಐದೇಶಿ ನಡೆಯುತ್ತದೆ. ಪೂಜೆ, ಊಟ, ಪ್ರಸಾದ ಹಂಚಿಕೆ. ಹಿರಿಯರು ಆಗ ದಾರಿಯ ಕಥೆ ಹೇಳುತ್ತಾರೆ. ಯಾವ ವಸ್ತಿಯಲ್ಲಿ ಏನಾಯಿತು, ಯಾರ ಕಾಲಿನಲ್ಲಿ ಬೊಕ್ಕೆ ಎದ್ದವು, ಯಾವ ಊರಿನ ಯಾರು ಈ ವರ್ಷ ಇಲ್ಲವಾಗಿದ್ದರು. ನನಗೆ ಬೇಕಾಗಿದ್ದ ಆಕರ ಅದೇ. ಹೆದ್ದಾರಿಯ ಬದಿಯಲ್ಲಿ ನಡೆಯುವ ಈಗಿನ ಗುಂಪುಗಳಿಗೆ ಹಳೆಯ ವಸ್ತಿಗಳ ಅಗತ್ಯ ಕಡಿಮೆಯಾಗುತ್ತಿದೆ, ಆ ಹೆಸರುಗಳನ್ನು ಕ್ರಮವಾಗಿ ಹೇಳಬಲ್ಲವರೂ ಕಡಿಮೆಯಾಗುತ್ತಿದ್ದಾರೆ. ಇದನ್ನು ಓದುತ್ತಿರುವ ವಿದ್ಯಾರ್ಥಿಗಳ ಮನೆಯಲ್ಲೋ ಓಣಿಯಲ್ಲೋ ಕಂಬಿಯ ಜೊತೆ ನಡೆದ ಒಬ್ಬ ಅಜ್ಜನೋ ಅಮ್ಮನೋ ಇದ್ದರೆ, ಊರಿನಿಂದ ಪರ್ವತದವರೆಗಿನ ವಸ್ತಿಗಳ ಹೆಸರನ್ನು ಕೇಳಿ ಒಂದು ನೋಟುಬುಕ್ಕಿನಲ್ಲಿ ಬರೆದಿಡಿ. ಪ್ರತಿ ಹೆಸರಿನ ಮುಂದೆ ಅಲ್ಲಿ ಅನ್ನ, ನೀರು ಕೊಟ್ಟವರು ಯಾರೆಂದೂ ಬರೆಯಿರಿ.